ಕೋರ್ಟಿನಲ್ಲಿ ಸಿಹಿಯಾದ ಬಾವಿ

ಇವತ್ತಿಗೂ ಯಾರಾದರೂ ನನ್ನ ಮುಂದೆ ‘ಸ್ಥಳ ಪರಿಶೀಲನೆ’ ಎಂಬ ಮಾತು ಆಡಿದರೆ ನನಗೆ ಅಂಗಾಲಿನಿಂದ ನೆತ್ತಿಯವರೆಗೆ ಉರಿ ಏರುತ್ತದೆ. ಮೊಮ್ಮಕ್ಕಳು ನಗುತ್ತವೆ. ‘ಅಜ್ಜೀ, ಆ ಬಾವಿ ಹಾಳಾಗಿ ಎಷ್ಟು ವರ್ಷ ಆತು, ನೀ ಇನ್ನೂ ಬಿಡವಲ್ಲಿ’ ಅನ್ನುತ್ತವೆ. ಬಿಡುವವರು ಬಿಡಲಿ, ನಾನು ಬಿಡುವುದಿಲ್ಲ. ಆ ಬಾವಿಯ ನೀರು ಕುಡಿದೇ ನಮ್ಮಪ್ಪ ನನ್ನನ್ನು ಆ ಊರಿಗೆ ಕೊಟ್ಟದ್ದು.

ನನ್ನ ತವರು ಕುಷ್ಟಗಿ ಕಡೆಯ ಒಣ ಊರು. ನಮ್ಮಲ್ಲಿ ಹೆಣ್ಣು ಕೊಡುವ ಮುಂಚೆ ಹೊಲ, ಎತ್ತು, ದನ ಎಲ್ಲ ವಿಚಾರಿಸಿದ ಮೇಲೆ ‘ನೀರು ಹೆಂಗ ಅದಾವು?’ ಎಂದೂ ಕೇಳುತ್ತಿದ್ದರು. ಎಪ್ಪತ್ತರ ದಶಕದ ಮೊದಲಲ್ಲಿ ಅಪ್ಪ ಗಂಗಾವತಿ ಸೀಮೆಯ ಆ ಊರಿಗೆ ವರನ ಮನೆ ನೋಡಲು ಹೋದಾಗ, ನನ್ನ ಅತ್ತೆಯಾಗಲಿದ್ದವರು ಹಿತ್ತಾಳೆ ತಾಟಿನಲ್ಲಿ ಬೆಲ್ಲವನ್ನೂ, ಹುಣಸೆಹಣ್ಣು ಹಚ್ಚಿ ತಿಕ್ಕಿದ ತಾಮ್ರದ ತಂಬಿಗೆಯಲ್ಲಿ ನೀರನ್ನೂ ತಂದು ಕೊಟ್ಟರಂತೆ. ನಮ್ಮ ಕಡೆ ಬಿಸಿಲಿನಿಂದ ಬಂದವರಿಗೆ ಮೊದಲು ಬೆಲ್ಲ ನೀರು, ಆಮೇಲೆ ಮಾತು. ಅಪ್ಪ ತಂಬಿಗೆ ಎತ್ತಿ ಗಟಗಟ ಕುಡಿದು, ಇನ್ನೊಂದು ತಂಬಿಗೆ ಕೇಳಿ ಕುಡಿದು, ಮನೆಗೆ ಬಂದು ಅವ್ವನಿಗೆ ಹೇಳಿದರು: ‘ಹುಡುಗನ್ನ ಆಮ್ಯಾಲೆ ನೋಡಿದೆ. ನೀರು ಮೊದ್ಲ ಪಾಸಾದುವು.’ ನಮ್ಮ ಮನೆಯವರನ್ನು ರೇಗಿಸಬೇಕೆಂದಾಗಲೆಲ್ಲ ನಾನು ಈ ಮಾತು ತೆಗೆಯುತ್ತಿದ್ದೆ.

ಅತ್ತೆ ವಿಧವೆ, ನಮ್ಮ ಮನೆಯವರು ಅವರಿಗೆ ಒಬ್ಬನೇ ಮಗ. ಮನೆ ದೊಡ್ಡದಲ್ಲ, ಹೊಲವೂ ದೊಡ್ಡದಲ್ಲ. ಆದರೆ ಅತ್ತೆಗೆ ಒಂದು ಹೆಮ್ಮೆ ಇತ್ತು. ನಮ್ಮ ಮನೆ ಊರೊಳಗೆ ಬರುವ ದಾರಿಯಲ್ಲೇ, ಊರಿನ ಬಾಯಿಗೇ ಇತ್ತು, ಹೊರಗೆ ಕಲ್ಲಿನ ಕಟ್ಟೆ, ಕಟ್ಟೆಗೆ ಬೇವಿನ ನೆರಳು. ಬಳೆಗಾರ ಬರಲಿ, ಸಾಲಿ ಮಾಸ್ತರ ಬರಲಿ, ಕರೆಂಟಿನವನು ಬರಲಿ, ದಾರಿ ತಪ್ಪಿದ ಪರದೇಶಿಯೇ ಬರಲಿ, ಕಟ್ಟೆಯ ಮೇಲೆ ಕೂತವರಿಗೆ ಅತ್ತೆಯ ಕೈಯಿಂದ ಬೆಲ್ಲ ನೀರು ಹೋಗಲೇಬೇಕು. ನಾನು ಕೊಡಲು ಹೋದರೆ ತಂಬಿಗೆ ಕಸಿದುಕೊಳ್ಳುತ್ತಿದ್ದರು. ‘ನೀ ರೊಟ್ಟಿ ಬಡಿ ಹೋಗು. ನೀರು ನಾ ಕೊಡ್ತೀನಿ.’

ಊರಿನಲ್ಲಿ ಬೇರೆ ಬಾವಿಗಳಿರಲಿಲ್ಲ ಎಂದಲ್ಲ. ಇದ್ದವು, ಎಲ್ಲವೂ ಸವಳು. ಕಪ್ಪು ಮಣ್ಣಿನ ಹೊಟ್ಟೆಯಲ್ಲಿರುವ ಉಪ್ಪೆಲ್ಲ ಆ ಬಾವಿಗಳಲ್ಲಿತ್ತು. ನಾವೆಲ್ಲ ಕುಡಿಯುತ್ತಿದ್ದ ಈ ಊರಬಾವಿ ಮಾತ್ರ ಕಲ್ಲುಗರಸು ಮಣ್ಣಿನ ದಿಬ್ಬದ ಬುಡದಲ್ಲಿದ್ದುದರಿಂದ ದಿಬ್ಬದ ಮೇಲೆ ಬಿದ್ದ ಮಳೆ ಸೋಸಿಕೊಂಡು ಇದಕ್ಕೆ ಇಳಿಯುತ್ತಿತ್ತು. ಪಕ್ಕದಲ್ಲೇ ಒಂದು ಹಳ್ಳ. ಮೇಲಿನ ಹೊಲಗಳ ನೀರು, ಅದರ ಜೊತೆ ಉಪ್ಪು, ಎಲ್ಲವನ್ನೂ ಆ ಹಳ್ಳ ಬಾವಿಗೆ ತಾಗಗೊಡದೆ ದೂರ ಒಯ್ಯುತ್ತಿತ್ತು. ದಿಬ್ಬ ಮತ್ತು ಹಳ್ಳ ಎರಡೂ ಇದ್ದರೆ ಬಾವಿ ಸಿಹಿ. ಇದನ್ನು ತಿಳಿಯಲು ಇಂಜಿನಿಯರ್ ಆಗಬೇಕಿರಲಿಲ್ಲ, ಊರಿನ ಎಲ್ಲರಿಗೂ ಗೊತ್ತಿತ್ತು. ಸಾವ್ಕಾರನಿಗೂ ಗೊತ್ತಿತ್ತು.

ಸಾವ್ಕಾರ ಎಂದರೆ ಬೇರೆ ಊರಿನವನಲ್ಲ, ನಮ್ಮೂರವನೇ. ಊರ ವರಸೆಯಲ್ಲಿ ನಮ್ಮತ್ತೆಯನ್ನು ಚಿಗವ್ವ, ಅಂದರೆ ಚಿಕ್ಕಮ್ಮ, ಎಂದು ಕರೆಯುತ್ತಿದ್ದವನು. ಬಾವಿಯ ಮೇಲಿನ ಹೊಲ, ದಿಬ್ಬ ಎಲ್ಲ ಅವನದು. ಅಲ್ಲಿ ಜೋಳ ಬೆಳೆಯುತ್ತಿದ್ದ. ಆಮೇಲೆ ಮುನಿರಾಬಾದಿನ ಡ್ಯಾಮಿನಿಂದ ಬರುವ ಕಾಲುವೆಯ ನೀರಿನಲ್ಲಿ ಸುತ್ತಲಿನವರು ನೆಲ್ಲು ಹಚ್ಚಿ ದೊಡ್ಡವರಾಗುವುದನ್ನು ನೋಡಿ ಇವನಿಗೂ ನೆಲ್ಲಿನ ಹುಚ್ಚು ಹಿಡಿಯಿತು. ನೆಲ್ಲಿಗೆ ನೀರು ನಿಲ್ಲಬೇಕು. ನೀರು ನಿಲ್ಲಬೇಕಾದರೆ ನೆಲ ಸಮ ಇರಬೇಕು. ಕಚೇರಿಗೆ ಹೋಗಿ ನೆಲ ಸಮ ಮಾಡುವ ಪರವಾನಗಿ ತಂದ. ಪರವಾನಗಿಯಲ್ಲಿ ಎರಡು ಷರತ್ತು ಇದ್ದವು: ಹಳ್ಳ ಮುಚ್ಚಬಾರದು, ಕುಡಿಯುವ ನೀರಿನ ಬಾವಿಯ ಸುತ್ತಲಿನ ಮಣ್ಣು ಮುಟ್ಟಬಾರದು. ಬರೆದವರು ಬರೆದು ಕೈ ತೊಳೆದುಕೊಂಡರು. ಓದುವವರು ಯಾರು?

ಬುಲ್ಡೋಜರ್ ಬಂದ ದಿನ ಊರಿನ ಗಂಡಸರೆಲ್ಲ ಜಾತ್ರೆಗೆ ಹೋದಂತೆ ನೋಡಲು ಹೋದರು. ದಿಬ್ಬದ ಅರ್ಧ ಕಿತ್ತು, ಆ ಗರಸನ್ನು ಹಳ್ಳಕ್ಕೆ ತುಂಬುವಾಗಲೂ ನಿಂತು ನೋಡಿದರು. ಸಂಜೆ ಬಂದು ನಮ್ಮ ಮನೆಯವರು ‘ಏನ್ ಮಷೀನದ ಅದು! ಒಂದ ಸಲಕ್ಕ ಎಷ್ಟ ಮಣ್ಣ ದೂಡ್ತದ!’ ಎಂದು ಬಾಯಿ ಬಿಟ್ಟರು. ‘ಹಳ್ಳ ಮುಚ್ಚಿದ್ರೇನ್ರಿ?’ ಎಂದೆ. ‘ಅವರ ಹೊಲ, ಅವರ ಮಣ್ಣು, ನಾವೇನ್ ಕೇಳೋದು?’ ಎಂದರು. ಈ ಒಂದು ಮಾತಿಗೆ ಅವರು ಸಾಯುವವರೆಗೂ ನಾನು ಅವರನ್ನು ಕ್ಷಮಿಸಲಿಲ್ಲ. ಅವರು ಒಳ್ಳೆಯ ಮನುಷ್ಯ, ನಿಜ. ಒಳ್ಳೆಯವರು ಬಾಯಿ ಮುಚ್ಚಿಕೊಂಡು ನಿಂತಿದ್ದಕ್ಕೇ ಹಳ್ಳ ಹೋಯಿತು.

ಎರಡನೇ ಬೆಳೆಯ ಹೊತ್ತಿಗೆ ಬಾವಿ ಕೆಟ್ಟಿತು. ಮೇಲೆ ನೆಲ್ಲಿನ ಮಡಿ ಮಡಿಯಲ್ಲಿ ನಿಂತ ನೀರು ಹೋಗಲು ಹಳ್ಳವಿಲ್ಲದೆ ಮಣ್ಣಿನೊಳಗೇ ಇಳಿದು, ಉಪ್ಪು ಕರಗಿಸಿಕೊಂಡು ಬಾವಿಗೆ ಬಂತು. ಮೊದಲು ಗೊತ್ತಾದದ್ದು ನಮಗೆ, ಹೆಂಗಸರಿಗೆ. ತೊಗರಿಬೇಳೆ ಎಷ್ಟು ಕುದಿಸಿದರೂ ಕಾಳು ಕಾಳಾಗಿಯೇ ಉಳಿಯಿತು. ಚಹಾ ಒಡೆಯಿತು. ಬಟ್ಟೆಗೆ ತಿಕ್ಕಿದ ಸಬ್ಬು ನೊರೆ ಬಿಡಲಿಲ್ಲ. ಗಂಡಸರು ಮೊದಲು ಬೇಳೆ ಮಾರಿದ ಶೆಟ್ಟರನ್ನು ಬೈದರು, ಆಮೇಲೆ ಒಲೆಯನ್ನು ಬೈದರು, ಕೊನೆಗೆ ನಮ್ಮನ್ನು ಬೈದರು. ‘ಬ್ಯಾಳಿ ಕುದಿಸಾಕೂ ಬರಂಗಿಲ್ಲೇನು?’ ಎಂದು ನಮ್ಮ ಮನೆಯವರು ಅಂದ ದಿನ ನಾನು ಅವರ ತಾಟಿನ ಪಕ್ಕದಲ್ಲಿ ಬಾವಿಯ ನೀರಿನ ತಂಬಿಗೆ ಕುಕ್ಕಿದೆ. ‘ಕುಡದು ನೋಡ್ರಿ. ಆಮ್ಯಾಲೆ ಬೈರಿ.’ ಕುಡಿದರು. ಮುಖ ಕಿವುಚಿ ತಂಬಿಗೆ ಅತ್ತ ಸರಿಸಿದರು.

ಅಲ್ಲಿಂದ ಕುಡಿಯುವ ನೀರಿಗೆ ನಮ್ಮ ಪರದಾಟ ಶುರುವಾಯಿತು. ಕಾಲುವೆ ಹರಿಯುವಾಗ ಕಾಲುವೆಯ ಕೆಂಪು ನೀರು ತಂದು ತಿಳಿ ಮಾಡಿ ಕುಡಿಯುವುದು. ಬೇಸಿಗೆಯಲ್ಲಿ ಕಾಲುವೆ ಬಂದ್ ಆದರೆ ಪಕ್ಕದ ಊರಿನ ಬಾವಿಗೆ ನಡೆಯುವುದು. ನನ್ನ ಜೊತೆ ಬರುತ್ತಿದ್ದವಳು ಗೋಡೆಯಾಚೆಯ ಪಿಂಜಾರ ಮನೆಯ ಅಕ್ಕ. ಅವಳ ಬಾಯಿ ಎಂದರೆ ಬಾಯಿ. ಆ ಊರಿನ ಹೆಂಗಸರು ‘ನಿಮ್ಮೂರಾಗ ಬಾವಿ ಇಲ್ಲೇನ?’ ಎಂದು ತಡೆದರೆ ‘ಐತವ್ವಾ, ನಮ್ಮ ಸಾವ್ಕಾರ ಉಪ್ಪಿನಕಾಯಿ ಹಾಕ್ಯಾನ’ ಅನ್ನುತ್ತಿದ್ದಳು. ಅವರು ನಕ್ಕು ಒಬ್ಬೊಬ್ಬರಿಗೆ ಒಂದು ಕೊಡ ಮಾತ್ರ ಬಿಡುತ್ತಿದ್ದರು. ಆ ಒಂದು ಕೊಡದಲ್ಲಿ ಮನೆಮಂದಿಯೆಲ್ಲ ಕುಡಿಯಬೇಕು. ನಾನು ತಂದ ಸಿಹಿನೀರನ್ನು ಅತ್ತೆ ತಾಮ್ರದ ಹಂಡೆಗೆ ಸುರಿದು, ಬಟ್ಟೆ ಕಟ್ಟಿ, ಗೋಡೆಯ ಗೂಡಿನಂಥ ದೇವರ ಮಾಡದ ಕೆಳಗೆ ಇಡುತ್ತಿದ್ದರು. ಬಾವಿಯ ಸವಳು ನೀರು ಬಚ್ಚಲ ಮುಂದಿನ ಮಣ್ಣಿನ ಗಡಿಗೆಯಲ್ಲಿ, ಪಾತ್ರೆ ಬೆಳಗಲು.

ಅಷ್ಟಾದ ಮೇಲೆ ಗಂಡಸರಿಗೆ ಎಚ್ಚರವಾಯಿತು. ಅದಕ್ಕೂ ಕಾರಣ ಇತ್ತು: ಉಳಿದ ಅರ್ಧ ದಿಬ್ಬವನ್ನೂ ಸಮ ಮಾಡಲು ಸಾವ್ಕಾರ ಮತ್ತೆ ಬುಲ್ಡೋಜರ್ ತರಿಸುವವನಿದ್ದ. ಅದೂ ಹೋದರೆ ಬಾವಿಯ ಕತೆ ಮುಗಿಯಿತು. ಅದು ಉಳಿದು, ಹಳ್ಳ ಬಿಡಿಸಿದರೆ ಕೆಲವು ಮಳೆಗಾಲದಲ್ಲಿ ಬಾವಿ ತೊಳೆದುಕೊಂಡು ಮತ್ತೆ ಸಿಹಿಯಾಗುತ್ತದೆ ಎಂದು ಹಿರಿಯರು ಹೇಳಿದರು. ಕಚೇರಿಗೆ ಹೋದರು. ‘ಅರ್ಜಿ ಕೊಡ್ರಿ, ನೋಡೋಣು’ ಎಂದರು. ಅರ್ಜಿ ಕೊಟ್ಟರು. ನೋಡಲಿಲ್ಲ. ಕೊನೆಗೆ ಕೊಪ್ಪಳದ ಒಬ್ಬ ವಕೀಲರನ್ನು ಹಿಡಿದು ದಾವೆ ಹಾಕಿದರು. ಪರವಾನಗಿ ಮುರಿದಿದ್ದಾನೆ, ಕೆಲಸ ನಿಲ್ಲಿಸಲು ತಡೆಯಾಜ್ಞೆ ಕೊಡಿ ಎಂದು. ದಾವೆಯಲ್ಲಿ ನಮ್ಮ ಮನೆಯವರ ಹೆಸರೂ ಇತ್ತು. ಹೆಂಗಸರದು ಒಂದೂ ಇರಲಿಲ್ಲ. ನೀರು ಹೊರುವವರು ನಾವು!

ಸಾವ್ಕಾರನ ವಕೀಲ ಕೋರ್ಟಿನಲ್ಲಿ, ಬಾವಿ ಕೆಟ್ಟೇ ಇಲ್ಲ, ಇದೆಲ್ಲ ಹೊಟ್ಟೆಕಿಚ್ಚು ಎಂದನಂತೆ. ಹಾಗಾದರೆ ಸ್ಥಳ ಪರಿಶೀಲನೆ ಆಗಲಿ, ಹೋಗಿ ನೋಡಿ ಬರಲಿ ಎಂದು ಕೋರ್ಟು ಒಬ್ಬ ವಕೀಲನನ್ನೇ ಕಮಿಷನರ್ ಎಂದು ಗೊತ್ತು ಮಾಡಿತು. ಅವನು ನೋಡಿ ಬರೆದ ವರದಿಯ ಮೇಲೆ ತಡೆಯಾಜ್ಞೆ ಕೊಡುವುದೋ ಬಿಡುವುದೋ ನಿರ್ಧಾರ. ನಮ್ಮ ವಕೀಲರು ಊರಿಗೆ ಬಂದು ಗಂಡಸರನ್ನು ಕೂಡಿಸಿ ಹೇಳಿ ಹೋದರು: ‘ಬಾವಿ ನೀರು ಸೇದಿ ಅವರ ಬಾಯಿಗೆ ಹಾಕ್ರಿ. ನಾಲಿಗಿ ಮ್ಯಾಲೆ ಉಪ್ಪು ಬಿತ್ತಂದ್ರ ಕೇಸು ನಮ್ದ.’ ಇಷ್ಟು ಸರಳ ಕೆಲಸ. ಈ ಮಾತನ್ನು ಗಂಡಸರು ಗಂಡಸರಿಗೆ ಹೇಳಿಕೊಂಡರು. ನನಗೂ ಅಕ್ಕನಿಗೂ ‘ಸಾಹೇಬ್ರಿಗೆ ಕುಡಿಸಾಕ ಬಾವಿ ನೀರು ಸೇದಿಡ್ರಿ’ ಎಂದಷ್ಟೇ ಹೇಳಿದರು. ಅಡುಗೆಮನೆಯಲ್ಲಿದ್ದ ಅತ್ತೆಗೆ ಯಾರೂ ಹೇಳಲಿಲ್ಲ. ನೀರು ಕೊಡುವವರು ಅವರು ಎಂದು ಗೊತ್ತಿದ್ದೂ ಹೇಳಲಿಲ್ಲ.

ಆ ದಿನ ಬೆಳಿಗ್ಗೆ ನಾನು ಮತ್ತು ಪಿಂಜಾರ ಮನೆಯ ಅಕ್ಕ ಪಕ್ಕದೂರಿಗೆ ಹೋಗಿ, ಎಂದಿನಂತೆ ಜಗಳಾಡಿ, ಒಂದೊಂದು ಕೊಡ ತಂದೆವು. ಕೊಡ ಇಳಿಸಿ ನೇರ ನಮ್ಮೂರ ಬಾವಿಗೆ ಹೋಗಿ, ಹಗ್ಗ ಬಿಟ್ಟು ಸೇದಿ, ಕಮಿಷನರ್ ಬರುವುದನ್ನೇ ಕಾಯುತ್ತ ಕೂತೆವು. ಅಕ್ಕ ‘ಎರಡು ಗುಟುಕು ಕುಡದ್ರ ಸಾಹೇಬ್ರು ಮನಿಮಟ ಓಡಬೇಕು’ ಎಂದು ನಗುತ್ತಿದ್ದಳು. ಬಿಸಿಲು ಏರಿತು. ಯಾರೂ ಬರಲಿಲ್ಲ.

ಏನಾಯಿತೆಂದರೆ, ಜೀಪು ಊರ ಬಾಯಿಯಲ್ಲಿ ನಿಂತಿತು. ಊರ ಬಾಯಿಯಲ್ಲಿ ಏನಿದೆ? ನಮ್ಮ ಮನೆಯ ಕಟ್ಟೆ. ಕಮಿಷನರ್ ಎಳೆ ವಯಸ್ಸಿನವನು, ಕರೀ ಕೋಟು, ಬೆವರಿಳಿಯುತ್ತಿತ್ತು. ಜೊತೆಗೆ ಬಂದಿದ್ದ ಸಾವ್ಕಾರನ ವಕೀಲ ‘ಬಿಸಲಾಗ ಬಂದೀರಿ, ನೆರಳಾಗ ಒಂದೀಟು ಕುಂದರ್ರಿ’ ಎಂದು ಕಟ್ಟೆ ತೋರಿಸಿದ. ಅವನಿಗೆ ನಮ್ಮ ಕಡೆಯ ರೀತಿ ಗೊತ್ತಿಲ್ಲವೇ? ಕಟ್ಟೆಯ ಮೇಲೆ ಕೂತವನಿಗೆ ಒಳಗಿನಿಂದ ಏನು ಬರುತ್ತದೆ ಎಂದು ಚೆನ್ನಾಗಿಯೇ ಗೊತ್ತಿತ್ತು. ನಮ್ಮ ಮನೆಯವರು, ನಮ್ಮ ವಕೀಲರು ಎಲ್ಲ ಅಲ್ಲೇ ನಿಂತಿದ್ದರು. ಯಾರಿಗೂ ಹೊಳೆಯಲಿಲ್ಲ.

ಅತ್ತೆ ಹೊರಗೆ ಬಂದರು. ತಾಟಿನಲ್ಲಿ ಬೆಲ್ಲ. ತಿಕ್ಕಿದ ತಂಬಿಗೆಯಲ್ಲಿ ನೀರು, ಹಂಡೆಯ ನೀರು, ಬೆಳಿಗ್ಗೆ ನಾನು ತಲೆಯ ಮೇಲೆ ಹೊತ್ತು ತಂದ ಪಕ್ಕದೂರಿನ ಸಿಹಿನೀರು.

ಕಮಿಷನರ್ ಬೆಲ್ಲ ಮುಟ್ಟಲಿಲ್ಲ. ನೀರು ಕುಡಿದು, ತಂಬಿಗೆ ಇಳಿಸಿ ‘ಭಾಳ ಛಲೋ ಅದಾವಲ್ಲಬೇ ನೀರು!’ ಎಂದ.

ಅತ್ತೆ ಸೆರಗು ಸರಿ ಮಾಡಿಕೊಂಡು, ಹೆಮ್ಮೆಯಿಂದ, ‘ನಮ್ಮ ಮನ್ಯಾಗ ಬಂದಾವ್ರಿಗೆ ಕೆಟ್ಟ ನೀರು ಕೊಟ್ಟ ಪದ್ಧತಿ ಇಲ್ರೀ ಯಪ್ಪಾ’ ಎಂದರು.

‘ಬರಕೋರಿ ಸಾಹೇಬ್ರ’ ಎಂದ ಸಾವ್ಕಾರನ ವಕೀಲ.

ಇದೆಲ್ಲ ಆಮೇಲೆ ಅತ್ತೆಯೇ ಹೇಳಿದ್ದು. ನಾನು ನೋಡಿದ್ದು ಇದರ ಮುಂದಿನದು. ಗುಂಪು ಬಾವಿಗೆ ಬಂತು. ನಾನು ಸೇದಿಟ್ಟ ನೀರನ್ನು ತಂಬಿಗೆಯಲ್ಲಿ ತುಂಬಿ ಕೊಟ್ಟೆ. ಕಮಿಷನರ್ ಒಂದು ಗುಟುಕು ಬಾಯಿಗೆ ಹಾಕಿ ಥೂ ಎಂದು ಉಗಿದ. ನಾನು ಅಕ್ಕನ ಮುಖ ನೋಡಿದೆ. ಗೆದ್ದೆವು ಎಂದುಕೊಂಡೆ. ಸಾವ್ಕಾರನ ವಕೀಲ ಮುಂದೆ ಬಂದು ನಗುತ್ತ ಹೇಳಿದ: ‘ನೋಡಿದ್ರ್ಯಾ? ಮನ್ಯಾಗ ಕುಡಿಯಾಕ ಸಕ್ಕರಿಯಂಥ ನೀರು, ನಿಮಗ ತೋರ್ಸಾಕ ಉಪ್ಪಿನ ನೀರು. ಮುಂಜಾನಿಂದ ಕೊಡಾ ತುಂಬಿ ಇಟ್ಕೊಂಡು ಯಾಕ ಕುಂತಾರ ಕೇಳ್ರಿ. ಎಷ್ಟು ಉಪ್ಪು ಸುರವ್ಯಾರೋ ಏನೋ!’

ನಾನು ಅವನ ಎದುರಿಗೇ ನುಗ್ಗಿದೆ. ತಲೆಯ ಮೇಲಿನ ಸೆರಗು ಬಿದ್ದದ್ದೂ ತಿಳಿಯಲಿಲ್ಲ. ‘ಅವು ಪಕ್ಕದೂರ ನೀರ್ರಿ! ನಾನ ಹೊತ್ತು ತಂದೀನಿ! ಬೇಕಾದ್ರ ನೀವ ಹಗ್ಗ ಬಿಟ್ಟು ಸೇದ್ರಿ!’ ಎಂದು ಕೂಗಿದೆ. ಅಕ್ಕ ಹಗ್ಗ ಬಿಂದಿಗೆ ಎತ್ತಿ ಆ ವಕೀಲನ ಕೈಗೇ ಹಿಡಿಸಲು ಹೋದಳು. ‘ಬಾವಿಗೆ ಸುರುವಾಕ ಉಪ್ಪು ಎಷ್ಟು ಗಾಡಿ ಬೇಕೋ ಮಾರಾಯಾ, ನಿಮ್ಮಪ್ಪ ತಂದು ಕೊಟ್ಟಾನೇನ?’ ಎಂದಳು. ಅಲ್ಲಿ ಅವಳೊಬ್ಬಳೇ ಬುದ್ಧಿ ಇದ್ದವಳು. ನಮ್ಮ ವಕೀಲರು ಕನ್ನಡಕ ಒರೆಸುತ್ತಿದ್ದರು. ನಮ್ಮ ಮನೆಯವರು ನನ್ನ ರಟ್ಟೆ ಹಿಡಿದು ‘ಸುಮ್ಮನಿರ, ಸಾಹೇಬ್ರ ಮುಂದ ಹಿಂಗ ಒದರಬಾರದು’ ಎಂದರು. ಕಮಿಷನರ್ ‘ಹೆಂಗಸರು ಯಾಕ ನಡುವ ಬರ್ತೀರಿ?’ ಎಂದು ಜೀಪಿನತ್ತ ನಡೆದ. ಬಾವಿಗೆ ಹಗ್ಗ ಬಿಡಲಿಲ್ಲ. ಮುಚ್ಚಿದ ಹಳ್ಳವನ್ನು ದೂರದಿಂದ ನೋಡಿದ. ಅದರ ಮೇಲೆ ನೆಲ್ಲಿನ ಕೂಳೆ ನಿಂತಿತ್ತು. ಅಲ್ಲಿ ಹಳ್ಳ ಇತ್ತು ಎಂದು ಯಾರು ನಂಬಬೇಕು?

ಆ ದಿನ ಮನೆಗೆ ಹೋಗಿ ನಾನು ಅತ್ತೆಯ ಮೇಲೆ ಹಾರಿಬಿದ್ದೆ. ‘ಅವಗ ಬಾವಿ ನೀರು ಕೊಡಾಕ ಏನ್ ಧಾಡಿ ಆಗಿತ್ರಿ ನಿಮಗ?’

ಅತ್ತೆಗೆ ನಾನು ಹೇಳುವುದು ಅರ್ಥವೇ ಆಗಲಿಲ್ಲ. ‘ಅಲ್ಲ ತಂಗೀ, ಬಿಸಲಾಗ ಬಂದು ಕುಂತಾನ. ಯಾರ ಮಗನೋ ಏನೋ. ಅವಗ ಸವಳ ನೀರು ಕೊಡ್ಲೇನು? ಕೈ ಹೆಂಗರ ಬರತೈತಿ?’ ಎಂದರು.  ಅವರು ಹೇಳಿದ್ದರಲ್ಲಿ ತಪ್ಪೇನಿತ್ತು? ಇಷ್ಟು ವರ್ಷ ಆದ ಮೇಲೂ ನನಗೆ ಒಂದು ತಪ್ಪೂ ಕಾಣುವುದಿಲ್ಲ. ಮನೆಗೆ ಬಂದವನಿಗೆ ನೀರು ಕೊಟ್ಟದ್ದು ಸಾಕ್ಷಿಯಾಗುತ್ತದೆ ಎಂದು ಯಾವ ಹೆಂಗಸಿಗೆ ಗೊತ್ತಿರುತ್ತದೆ?

ವರದಿ ಬಂತು. ಅರ್ಜಿದಾರರ ಮನೆಯಲ್ಲಿ ಕುಡಿಯಲು ಕೊಟ್ಟ ನೀರು ಸಿಹಿಯಾಗಿತ್ತು, ಬಾವಿಯ ಬಳಿ ತೋರಿಸಿದ ನೀರು ಸವಳಾಗಿದ್ದರೂ ಅದು ಮೊದಲೇ ತುಂಬಿಟ್ಟದ್ದು, ನಂಬಲಾಗದು ಎಂದು. ನಮ್ಮ ವಕೀಲರು ಮತ್ತೊಮ್ಮೆ ನೋಡಬೇಕೆಂದು ಅರ್ಜಿ ಹಾಕಿದರು. ವಾಯಿದೆ ಬಿತ್ತು. ಆಮೇಲೆ ಇನ್ನೊಂದು ವಾಯಿದೆ. ಪ್ರತಿ ವಾಯಿದೆಗೆ ಗಂಡಸರು ಇಸ್ತ್ರಿ ಅಂಗಿ ಹಾಕಿ ಬಸ್ಸು ಹತ್ತಿ ಹೋಗಿ, ಹೋಟೆಲಿನಲ್ಲಿ ಮಿರ್ಚಿ ಮಂಡಕ್ಕಿ ತಿಂದು ಬರುವರು. ಕೊನೆಗೆ ತಡೆಯಾಜ್ಞೆ ಇಲ್ಲ ಎಂದಾಯಿತು. ದೊಡ್ಡ ದಾವೆ ಬೇಕಾದರೆ ನಡೆಯಲಿ ಎಂದರು. ದಾವೆ ನಡೆಯುವಷ್ಟರಲ್ಲಿ ಉಳಿದ ಅರ್ಧ ದಿಬ್ಬವೂ ಸಮ ಆಯಿತು. ಇನ್ನು ತಡೆಯುವುದಕ್ಕೆ ಏನಿತ್ತು, ಮಣ್ಣು?

ನನಗೆ ಸಾವ್ಕಾರನ ಮೇಲೆ ಇದ್ದ ಸಿಟ್ಟು ಅವನ ದುರಾಸೆಗಲ್ಲ. ಆಸೆ ಎಲ್ಲರಿಗೂ ಇರುತ್ತದೆ. ಅವನ ಮನೆಗೆ ಕುಡಿಯುವ ನೀರು ಟ್ರಾಕ್ಟರಿನಲ್ಲಿ ಪೀಪಾಯಿ ತುಂಬಿ ಬರುತ್ತಿತ್ತು! ನಮ್ಮ ಬಾವಿ ಕೆಟ್ಟಿಲ್ಲ ಎಂದು ಕೋರ್ಟಿನಲ್ಲಿ ಹೇಳಿಸಿದವನು, ತಾನು ಮಾತ್ರ ಆ ಬಾವಿಯ ನೀರು ಕುಡಿಯುತ್ತಿರಲಿಲ್ಲ. ಎಂಥ ಹಲ್ಕಾ ಬುದ್ಧಿ! ಪೀಪಾಯಿಯ ಟ್ರಾಕ್ಟರ್ ನಮ್ಮ ಕಟ್ಟೆಯ ಮುಂದೆಯೇ ತುಳುಕಿಸುತ್ತ ಹೋಗುವಾಗ ನಾನು ಕೊಡ ಹೊತ್ತು ಬರುತ್ತಿದ್ದೆ. ಬಾಯಿಗೆ ಬಂದಂತೆ ಬೈದಿದ್ದೇನೆ. ಆ ಬೈಗಳನ್ನು ಇಲ್ಲಿ ಬರೆಯುವಂತಿಲ್ಲ.

ಮುಂದಿನ ಬೇಸಿಗೆಯಲ್ಲಿ ಅವನ ಮಗಳ ಲಗ್ನ. ಜಗಳ ಇರಲಿ, ಕೇಸು ಇರಲಿ, ಊರಿನ ಲಗ್ನಕ್ಕೆ ಮನೆ ಮನೆಗೆ ಹೋಗಿ ಕರೆಯಬೇಕು. ಅದೂ ನಮ್ಮ ಕಡೆಯ ರೀತಿಯೇ. ಸಾವ್ಕಾರ ತಲೆಗೆ ಜರಿ ರುಮಾಲು ಸುತ್ತಿ, ನಾಲ್ಕು ಜನರನ್ನು ಕಟ್ಟಿಕೊಂಡು ಬಂದು, ಅದೇ ಕಟ್ಟೆಯ ಮೇಲೆ ಕೂತ. ನಮ್ಮ ಮನೆಯವರು ಹೊಲಕ್ಕೆ ಹೋಗಿದ್ದರು. ನಾನು ಬಾಗಿಲ ಸಂದಿಯಲ್ಲಿ ನಿಂತೆ, ಎದುರಿಗೆ ಹೋಗಲಿಲ್ಲ. ಗೋಡೆಯಾಚೆಯಿಂದ ಪಿಂಜಾರ ಮನೆಯ ಅಕ್ಕನ ತಲೆ ಕಾಣುತ್ತಿತ್ತು.

‘ಚಿಗವ್ವಾ, ಕೋರ್ಟಿನ ಮಾತು ಕೋರ್ಟಿಗೆ, ಊರ ಮಾತು ಊರಿಗೆ. ಮಗಳ ಲಗ್ನ ಐತಿ, ಎಲ್ಲಾರೂ ಬರಬೇಕು’ ಎಂದು ಅಕ್ಕಿಕಾಳು ಕೊಟ್ಟ. ಆಮೇಲೆ ರುಮಾಲಿನ ತುದಿಯಿಂದ ಕುತ್ತಿಗೆ ಒರೆಸಿಕೊಂಡು ‘ಬಿಸಲು ಭಾಳ ಐತಿ. ನಿನ್ನ ಕೈಲೆ ನೀರು ಕೊಡಬೇ’ ಎಂದ.

ಅತ್ತೆ ಒಳಗೆ ಬಂದರು. ತಂಬಿಗೆ ತೆಗೆದುಕೊಂಡರು. ದೇವರ ಮಾಡದ ಕೆಳಗೆ ಹಂಡೆಯ ಮುಂದೆ ನಿಂತರು.  ಹಂಡೆಗೆ ಕಟ್ಟಿದ ಬಟ್ಟೆ ಬಿಚ್ಚಲಿಲ್ಲ. ನನ್ನ ಮುಂದೆಯೇ ದಾಟಿ ಬಚ್ಚಲ ಕಡೆ ಹೋಗಿ, ಗಡಿಗೆಯಿಂದ ತಂಬಿಗೆ ತುಂಬಿದರು. ತಾಟಿನಲ್ಲಿ ಬೆಲ್ಲ ಇಟ್ಟರು, ಎಂದಿನಷ್ಟೇ. ಎರಡೂ ಕೈಯಿಂದ ಹಿಡಿದು ಹೊರಗೆ ಹೋದರು.

ಸಾವ್ಕಾರ ಬೆಲ್ಲ ಬಾಯಿಗೆ ಹಾಕಿಕೊಂಡ. ತಂಬಿಗೆ ಎತ್ತಿ ಬಾಯಿ ತುಂಬ ಕುಡಿದ. ನಾಲ್ಕು ಜನರ ಮುಂದೆ, ಲಗ್ನಕ್ಕೆ ಕರೆಯಲು ಬಂದ ಮನೆಯಲ್ಲಿ, ಉಗಿಯುವುದು ಹೇಗೆ? ಗಲ್ಲ ಉಬ್ಬಿಸಿಕೊಂಡು ಅತ್ತೆಯ ಮುಖ ನೋಡಿದ. ನುಂಗಿದ.

ಇಷ್ಟು ವರ್ಷ ಅವನನ್ನು ‘ತಮ್ಮಾ’ ಎನ್ನುತ್ತಿದ್ದ ಅತ್ತೆ ಹೇಳಿದರು: ‘ನಮ್ಮ ಬಾವಿ ನೀರು ಸಾವ್ಕಾರ್ರ. ಕೋರ್ಟಿನ್ಯಾಗ ಸಿಹಿ ಅಂತ ಆಗೇತಲ್ರಿ. ಕುಡೀರಿ.’

ಅವನು ತಂಬಿಗೆ ಕಟ್ಟೆಯ ಮೇಲಿಟ್ಟು ಎದ್ದು ಹೋದ.  ಗೋಡೆಯಾಚೆ ಅಕ್ಕ ಸೆರಗು ಬಾಯಿಗೆ ತುರುಕಿಕೊಂಡು ನಗುತ್ತಿದ್ದಳು. ನನಗೆ ಕುಣಿಯುವಷ್ಟು ಖುಷಿಯಾಯಿತು. ‘ಅತ್ತೀ, ಏನ್ ಕೊಟ್ರೀ! ಭೇಷ್!’ ಎನ್ನುತ್ತ ಒಳಗೆ ಓಡಿದೆ.

ಅತ್ತೆ ಒಲೆಯ ಮುಂದೆ ಕೂತು ಅಳುತ್ತಿದ್ದರು. ಮಾವ ತೀರಿಕೊಂಡದ್ದನ್ನು ನೆನೆದಾಗಲೂ ಅವರು ಹಾಗೆ ಅತ್ತದ್ದನ್ನು ನಾನು ನೋಡಿರಲಿಲ್ಲ. ಬಲಗೈಯನ್ನು ಮಡಿಲಲ್ಲಿ ಇಟ್ಟುಕೊಂಡು ಅದನ್ನೇ ನೋಡುತ್ತಿದ್ದರು.

‘ಮನಿಗೆ ಬಂದಾವ್ಗ ಸವಳ ನೀರು ಕೊಟ್ನೆಲ್ಲ ತಂಗೀ. ಈ ಕೈಲೆ ಕೊಟ್ನೆಲ್ಲ.’

‘ಅಂವ ಮನಷ್ಯಾ ಏನ್ರಿ ಅತ್ತೀ? ಅವಗ ಅಷ್ಟ ಬೇಕಾಗಿತ್ತು.’

‘ಅಂವ ಎಂಥಾವನರ ಇರ್ಲಿ. ನಾ ಎಂಥಾಕಿ ಆದೆ?’

ಬಾವಿ ಹೋಯಿತು, ದಿಬ್ಬ ಹೋಯಿತು, ಕೇಸು ಹೋಯಿತು. ಅದಕ್ಕೆಲ್ಲ ನಾನು ಬೈದು ಬೈದು ಸಮಾಧಾನ ಮಾಡಿಕೊಂಡೇನು. ಆ ಮುದುಕಿಯ ಕೈಯಿಂದ ಆ ನೀರು ಕೊಡಿಸಿದರಲ್ಲ, ಅದಕ್ಕೆ ನನಗೆ ಇಂದಿಗೂ ಬೈಗಳು ಸಿಕ್ಕಿಲ್ಲ. ಆಮೇಲೆ ಅತ್ತೆ ಬಹಳ ವರ್ಷ ಬದುಕಿದ್ದರು. ಎಂಬತ್ತರ ದಶಕದ ಕೊನೆಗೆ ಊರಿಗೆ ನಳ ಬಂತು, ಸಿಹಿನೀರು ಮನೆಯ ಮುಂದೆಯೇ ಬೀಳತೊಡಗಿತು. ಆದರೂ ಕಟ್ಟೆಯ ಮೇಲೆ ಯಾರಾದರೂ ಬಂದು ಕೂತರೆ ಅತ್ತೆ ಹೊರಗೆ ಬರುತ್ತಿರಲಿಲ್ಲ. ಒಳಗಿನಿಂದಲೇ ಕೂಗುತ್ತಿದ್ದರು: ‘ತಂಗೀ, ಯಾರೋ ಬಂದಾರ ನೋಡು. ನೀರು ನೀನ ಕೊಡು.’